ಹೊಸತೊಡಕಿನ ಸ್ಟ್ಯೂ, ಬಡಿಸೋಳ ತಟ್ಟೆ

ಈ ಸಲ ಹೊಸತೊಡಕಿಗೆ ನಮ್ಮನೇಲಿ ಖಾರದ ಕೋಳಿಸಾರು ಮಾಡ್ಲಿಲ್ಲ ಕಣ್ರಕ್ಕ, ಸ್ಟ್ಯೂ ಮಾಡಿದ್ವಿ. ಸುದ್ದಿ ಆಗ್ಲೇ ಬೀದಿಯೆಲ್ಲಾ ಹಬ್ಬಿದೆ ಅಂತ ಗೊತ್ತು. ನಮ್ಮ ನಾದಿನಿ ಫೋನ್ ಮಾಡಿ, "ಯುಗಾದಿ ಮಾರನೇ ದಿನ ನಮ್ಮಣ್ಣಂಗೆ ಕಾಯಿಲೆಯೋರ ಗಂಜಿ ಕುಡಿಸಿದ್ಯಂತಲ್ಲ ಅತ್ತಿಗೆ" ಅಂದ್ಲು. ಅದಕ್ಕೇ ಬರೀತಿದೀನಿ. ಬೈಯೋರು ಬೈರಿ, ಆದ್ರೆ ಪೂರ್ತಿ ಓದ್ಬಿಟ್ಟು ಬೈರಿ.

ನಮ್ಮನೇವ್ರಿಗೆ ಸಕ್ಕರೆ ಕಾಯಿಲೆ, ಬಿಪಿ ಎರಡೂ ಇವೆ. ಹಬ್ಬಕ್ಕೆ ಅಂತ ಬೆಂಗಳೂರಿಂದ ಬಂದ ಸೊಸೆ ಫೋನಲ್ಲಿ ಒಂದು ಅಡುಗೆ ತೋರಿಸಿದ್ಲು. ಆರೋಗ್ಯಕ್ಕೆ ಒಳ್ಳೇದು, ಎಣ್ಣೆ ಕಮ್ಮಿ, ವಸಂತಕಾಲದ ತರಕಾರಿ ಹಾಕಿದ ಫ್ಯೂಷನ್ ಚಿಕನ್ ಸ್ಟ್ಯೂ. ತರಕಾರಿ ಯಾವ್ದಪ್ಪ ಅಂತ ನೋಡಿದ್ರೆ ಆಸ್ಪರಾಗಸ್ಸು, ಲೀಕು. ನಾನಂದೆ, "ಮಗಾ, ಅದು ಅವರೂರ ವಸಂತ. ಚಳಿ ಕಳೆದ ಮೇಲೆ ಅವರ ಹೊಲದಲ್ಲಿ ಏಳೋದು ಅದು. ನಮ್ಮೂರಲ್ಲಿ ಯುಗಾದಿ ಹೊತ್ಗೆ ಚಿಗುರೋದು ಹುಣಸೇಮರ. ಹಿತ್ತಲಲ್ಲಿ ನುಗ್ಗೆಕಾಯಿ ತೂಗಾಡ್ತಾವೆ. ದುಡ್ಡು ಕೊಟ್ಟು ಬೇರೆಯೋರ ವಸಂತ ಯಾಕೆ ತರ್ಬೇಕು?" ಸೊಸೆ ನಕ್ಕು ಒಪ್ಕೊಂಡ್ಲು. ಸ್ಟ್ಯೂ ಅವಳದು, ಸೊಪ್ಪು-ಕಾಯಿ ನಂದು.

ಮಾಡಿದ್ದು ಹಿಂಗೆ. ಚರ್ಮ ತೆಗೆಸಿದ ಕೋಳಿ 1 ಕೆಜಿ. 2 ಚಮಚ ಎಣ್ಣೇಲಿ ಚಕ್ಕೆ, ಲವಂಗ, ಜಜ್ಜಿದ ಕಾಳುಮೆಣಸು, ಶುಂಠಿ, ಸೀಳಿದ ಹಸಿಮೆಣಸಿನಕಾಯಿ, ಉದ್ದುದ್ದ ಹೆಚ್ಚಿದ ಈರುಳ್ಳಿ. ಈರುಳ್ಳಿ ಮೆತ್ತಗಾದ್ರೆ ಸಾಕು, ಕೆಂಪಾಗ್ಬಾರದು. ಕೋಳಿ ಹಾಕಿ ಬಾಡಿಸಿ, ಅರ್ಧ ತೆಂಗಿನಕಾಯಿಯ ಎರಡನೇ ಹಾಲು, ಅಂದ್ರೆ ತೆಳು ಹಾಲು ಹುಯ್ದು, ಉಪ್ಪು ಹಾಕಿ ಮುಚ್ಚಿಡಿ. ಅರೆಬೆಂದ ಮೇಲೆ ಕ್ಯಾರೆಟ್ಟು, ನುಗ್ಗೆಕಾಯಿ, ಆಮೇಲೆ ಬೀನ್ಸು. ಎಲ್ಲಾ ಬೆಂದ ಮೇಲೆ ಒಂದು ಹಿಡಿ ಹುಣಸೆ ಚಿಗುರನ್ನ ಕೈಲಿ ಉಜ್ಜಿ ಹಾಕಿ ಒಂದು ಕುದಿ ಕುದಿಸಿ. ಒಲೆ ಆರಿಸಿದ ಮೇಲೇ ಗಟ್ಟಿ ಹಾಲು, ಇಲ್ದಿದ್ರೆ ಒಡೆದೋಗ್ತದೆ. ಮುದ್ದೆಗೂ ಆಗ್ತದೆ, ಅನ್ನಕ್ಕೂ ಆಗ್ತದೆ. ಗಂಜಿ ಅಂದೋಳು ಒಂದ್ಸಲ ಬಂದು ತಿಂದು ನೋಡ್ಲಿ.

ರುಚಿಗೆ ಯಾರೂ ಹೆಸರಿಡ್ಲಿಲ್ಲ. ನನ್ನ ತಕರಾರಿರೋದು ಬಡಿಸೋ ಹೊತ್ತಲ್ಲಿ ಆಗಿದ್ದರ ಬಗ್ಗೆ.

1 ಕೆಜಿ ಕೋಳೀಲಿ 18 ತುಂಡು ಇದ್ವು. ನಮ್ಮನೇವ್ರಿಗೆ 4, ಮಗನಿಗೆ 4, ಮೈದುನನಿಗೆ 4. ಮೊಮ್ಮಗನಿಗೆ 3. ಮಗ ಇನ್ನೊಂದು ಕೇಳ್ದ, ಹಾಕ್ದೆ. ಲಿವರ್ರು ಮೈದುನನಿಗೆ ಇಷ್ಟ ಅಂತ ಅವನ ತಟ್ಟೆಗೆ. ಕೊನೆಗೆ ನಾವಿಬ್ರು ಹೆಂಗಸರು ಕೂತಾಗ ಸೊಸೆಗೆ ಬೆನ್ನಿನ ತುಂಡು ಒಂದು, ನಂಗೆ ಕುತ್ತಿಗೆ ಒಂದು. ಆ ಹುಡುಗಿ ಎರಡನೇ ಕೂಸಿಗೆ ಇನ್ನೂ ಹಾಲು ಕುಡಿಸ್ತಿದಾಳೆ. ಅವಳಿಗೆ ಬೆನ್ನಿನ ಮೂಳೆ ಬಡಿಸಿದ ಕೈ ಯಾರದ್ದು? ನಂದೇ. ಗಂಡಸರನ್ನ ಬೈದು ಕೈ ತೊಳ್ಕೊಳೋಕೆ ಆಗಲ್ಲ.

ಅದಕ್ಕೆ ಎರಡು ತಿಂಗಳ ಹಿಂದೆ, ಮೆಟ್ಟಿಲು ಹತ್ತಿದ್ರೆ ಏದುಸಿರು ಬರ್ತದೆ ಅಂತ ರಕ್ತ ಪರೀಕ್ಷೆ ಮಾಡಿಸಿದ್ದೆ. ಹಿಮೋಗ್ಲೋಬಿನ್ 9. ಹೆಂಗಸರಿಗೆ 12ಕ್ಕಿಂತ ಕಮ್ಮಿ ಇದ್ರೆ ರಕ್ತಹೀನತೆ ಅಂತಾರೆ. ನಾನೊಬ್ಳೇ ಅಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಪ್ರಕಾರ ನಮ್ಮ ದೇಶದಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ನೂರಕ್ಕೆ 57 ಜನಕ್ಕೆ ರಕ್ತಹೀನತೆ. ಅದೇ ವಯಸ್ಸಿನ ಗಂಡಸರಲ್ಲಿ 25. ಮುಟ್ಟು, ಬಸಿರು, ಬಾಣಂತನ ಎಲ್ಲಾ ಕಾರಣ ಸೇರ್ತವೆ, ಒಪ್ತೀನಿ. ಆದ್ರೆ ರಕ್ತ ಜಾಸ್ತಿ ಹೋಗೋರಿಗೇ ತುಂಡು ಕಮ್ಮಿ ಬಡಿಸೋದು ಯಾವ ನ್ಯಾಯ? ಸೊಪ್ಪಿನ ಕಬ್ಬಿಣಕ್ಕಿಂತ ಮಾಂಸದ ಕಬ್ಬಿಣ ಮೈಗೆ ಸುಲಭವಾಗಿ ಹತ್ತುತ್ತೆ, ಅದ್ರಲ್ಲೂ ಲಿವರಲ್ಲಿ ಬೇಕಾದಷ್ಟಿದೆ. ಅದು ಬೇಕಾದೋಳು ಒಲೆ ಮುಂದೆ, ಅದು ಹೋಗಿದ್ದು ಮೈದುನನ ತಟ್ಟೆಗೆ.

"ಯಾರೂ ತಿನ್ನಬೇಡ ಅಂದಿಲ್ವಲ್ಲ" ಅಂತೀರ. ಹೌದು, ಅಂದಿಲ್ಲ. ಪಾತ್ರೆ ತಳ ಕಂಡಾಗ "ನೀನೂ ಊಟ ಮಾಡೇ" ಅಂತಾರೆ. "ನಮ್ಮತ್ತೆ ಹಂಗೇ ಉಂಡ್ರು, ನಮ್ಮವ್ವ ಹಂಗೇ ಉಂಡ್ಲು" ಅಂತೀರ. ನಮ್ಮವ್ವ ಐವತ್ತಕ್ಕೇ ಗೋಡೆ ಹಿಡ್ಕೊಂಡು ನಡೀತಿದ್ಲು, ಅದನ್ನೂ ಹೇಳಿ. "ಮಕ್ಕಳು ತಿಂದ್ರೆ ನಮ್ಮ ಹೊಟ್ಟೆ ತುಂಬ್ತದೆ" ಅಂತೀರ. ಮನಸ್ಸು ತುಂಬ್ತದೆ ಕಣ್ರಕ್ಕ, ರಕ್ತ ತುಂಬಲ್ಲ.

ಗಂಡನ ಸಕ್ಕರೆಗೆ ಒಂದು ಅಡುಗೆ, ಮಗನ ಬೊಜ್ಜಿಗೆ ಒಂದು ಅಡುಗೆ ಕಲೀತೀವಿ. ಎಣ್ಣೆ ಅಳೀತೀವಿ, ಉಪ್ಪು ಅಳೀತೀವಿ. ನಮ್ಮ ಪಾಲು ಮಾತ್ರ ಅಳೆಯಲ್ಲ. ಮಾಡಿದೋಳಿಗೇ ಸಿಗದಿದ್ದ ಮೇಲೆ ಅದೆಂಥ ಆರೋಗ್ಯದ ಅಡುಗೆ?

18ನ್ನ 6 ಜನಕ್ಕೆ ಹಂಚಿದ್ರೆ ಮೂರು ಮೂರು. ಮೂರನೇ ಕ್ಲಾಸಿನ ಮಗೂಗೆ ಬರೋ ಲೆಕ್ಕ. ಪಿಯುಸಿ ಓದಿದ ನಂಗೆ ಮೂವತ್ತು ವರ್ಷ ಹೊಳೀಲಿಲ್ಲ.

ಮುಂದಿನ ಭಾನುವಾರ ಅದೇ ಸ್ಟ್ಯೂ ಮತ್ತೆ ಮಾಡ್ದೆ. ಗಂಡಸರನ್ನ ಊಟಕ್ಕೆ ಕರಿಯೋಕೆ ಮುಂಚೆ ಎರಡು ತಟ್ಟೇಲಿ ಮೂರು ಮೂರು ತುಂಡು ಹಾಕಿ ಮುಚ್ಚಿಟ್ಟೆ. ಲಿವರ್ರು ಸೊಸೆಗೆ ಅರ್ಧ, ನಂಗೆ ಅರ್ಧ. ನಮ್ಮನೇವ್ರು ಪಾತ್ರೆ ನೋಡಿ, "ಇವತ್ತು ಕೋಳಿ ಕಮ್ಮಿ ತಂದ್ಯಾ?" ಅಂದ್ರು. "ಅಷ್ಟೇ ತಂದಿದ್ದು, ಸರಿಯಾಗಿ ಹಂಚಿದೀನಿ" ಅಂದೆ. ಒಂದು ಗಳಿಗೆ ಸುಮ್ನಿದ್ರು. ಆಮೇಲೆ ಮುದ್ದೆ ಮುರಿದ್ರು. ಮನೆಯೇನೂ ಬೀಳ್ಲಿಲ್ಲ.

ನೀವೂ ಮೊದಲು ಎತ್ತಿಡಿ. ಅದ್ರ ಮೇಲೆ ನಿಂಬೆಹಣ್ಣು ಹಿಂಡ್ಕೊಳಿ, ಕಬ್ಬಿಣ ಚೆನ್ನಾಗಿ ಹತ್ತುತ್ತೆ. ಉಂಡ ತಕ್ಷಣ ಕಾಫಿ-ಟೀ ಕುಡೀಬೇಡಿ, ಅದು ಹತ್ತೋದನ್ನ ತಡೀತದೆ. ಸೊಸೆ ಇದ್ರೆ ಅವಳ ತಟ್ಟೆ ಮೊದಲು ಎತ್ತಿಡಿ, ಯಾಕಂದ್ರೆ ಅವಳು ಬಾಯಿಬಿಟ್ಟು ಕೇಳಲ್ಲ. ನಾವೂ ಕೇಳಿರ್ಲಿಲ್ಲ.