ನಿಮ್ಮ ಗೇಮ್ ಸೇವ್ ನಿಜಕ್ಕೂ ನಿಮ್ಮದೇನಾ?

ಫೋನಲ್ಲಿರೋ ಫೋಟೋ ಲ್ಯಾಪ್‌ಟಾಪ್‌ಗೆ ಬೇಕಂದ್ರೆ ಏನ್ಮಾಡ್ತೀವಿ? ಫೋಲ್ಡರ್ ತೆಗೀತೀವಿ, ಕಾಪಿ ಮಾಡ್ತೀವಿ, ಮುಗೀತು. ಗೇಮ್ ಕನ್ಸೋಲ್‌ನಲ್ಲಿ ಇಷ್ಟು ಸಣ್ಣ ಕೆಲಸವೂ ನಮ್ಮ ಕೈಲಿಲ್ಲ. ದುಡ್ಡು ಕೊಟ್ಟವರು ನಾವು, ಬೀಗದ ಕೈ ಮಾತ್ರ ಕಂಪನಿ ಹತ್ತಿರ.

ಸೋನಿಯ ಪಿಎಸ್ ವೀಟಾ ನೋಡಿ. 2011ರ ಡಿಸೆಂಬರ್‌ನಲ್ಲಿ ಜಪಾನ್‌ನಲ್ಲಿ ಬಿಡುಗಡೆಯಾಯ್ತು. ಮಾಮೂಲಿ ಎಸ್‌ಡಿ ಕಾರ್ಡ್ ಅದಕ್ಕೆ ಆಗಲ್ಲ, ಸೋನಿಯದೇ ದುಬಾರಿ ಕಾರ್ಡ್ ಬೇಕು. ಕಂಪ್ಯೂಟರ್‌ಗೆ ಬ್ಯಾಕಪ್ ತೆಗೀಬಹುದು, ಅದೂ ಸೋನಿಯ ತಂತ್ರಾಂಶದ ಮೂಲಕವೇ. ಕೈಗೆ ಸಿಗೋದು ನಿಮ್ಮ ಖಾತೆಗೆ ಕಟ್ಟಿಹಾಕಿದ ಗಂಟು. ಒಳಗೇನಿದೆ ಅಂತ ಬಿಚ್ಚಿ ನೋಡೋ ಹಾಗಿಲ್ಲ.

2016ರಲ್ಲಿ ಹೆನ್ಕಾಕು ಅನ್ನೋ ಹ್ಯಾಕ್ ಬಂದ ಮೇಲೆ ಕಥೆ ಬದಲಾಯ್ತು. ದಿಫ್ಲೋ ಹೆಸರಿನ ಡೆವಲಪರ್ ವೀಟಾಶೆಲ್ ಎಂಬ ಫೈಲ್ ಮ್ಯಾನೇಜರ್ ಬರೆದು, ಸೋರ್ಸ್ ಕೋಡ್ ಸಮೇತ ಉಚಿತವಾಗಿ ಹಂಚಿದರು. ಕಂಪನಿಯ ಅನುಮತಿ ಇಲ್ಲದೆ ಹವ್ಯಾಸಿಗಳು ಹೀಗೆ ಬರೆಯುವ ತಂತ್ರಾಂಶಕ್ಕೇ ಹೋಮ್‌ಬ್ರೂ ಅನ್ನೋದು. ಕಾಪಿ, ಪೇಸ್ಟ್, ಹೆಸರು ಬದಲಿಸೋದು, ಜಿಪ್ ಬಿಚ್ಚೋದು, ಎಲ್ಲವೂ ವೀಟಾಶೆಲ್‌ನಲ್ಲಿದೆ. ಸೆಲೆಕ್ಟ್ ಬಟನ್ ಒತ್ತಿದರೆ ವೈಫೈ ಮೇಲೆ ಎಫ್‌ಟಿಪಿ ಶುರು, ಕಂಪ್ಯೂಟರಿನಿಂದಲೇ ಫೋಲ್ಡರ್‌ಗಳಿಗೆ ಕೈ ಹಾಕಬಹುದು. ವಿಪಿಕೆ ಫೈಲ್ ಇದ್ದರೆ ಹೋಮ್‌ಬ್ರೂ ಆ್ಯಪ್ ಕೂಡ ಇನ್‌ಸ್ಟಾಲ್ ಆಗುತ್ತೆ.

ಇಷ್ಟೆಲ್ಲಾ ಯಾಕೆ ಬೇಕು ಅಂತೀರಾ? 2021ರ ಮಾರ್ಚ್‌ನಲ್ಲಿ ಸೋನಿ, ವೀಟಾದ ಆನ್‌ಲೈನ್ ಅಂಗಡಿ ಮುಚ್ಚುತ್ತೇವೆ ಅಂತ ಘೋಷಿಸಿತು. ಜನ ಗಲಾಟೆ ಮಾಡಿದ ಮೇಲೆ ಏಪ್ರಿಲ್‌ನಲ್ಲಿ ನಿರ್ಧಾರ ವಾಪಸ್ ತಗೊಂಡಿತು. ನಿಂಟೆಂಡೊ 3ಡಿಎಸ್ ಬಳಗಕ್ಕೆ ಆ ಅದೃಷ್ಟ ಇರಲಿಲ್ಲ. 2023ರ ಮಾರ್ಚ್ 27ಕ್ಕೆ ಅಲ್ಲಿ ಹೊಸ ಖರೀದಿ ನಿಂತೇ ಹೋಯ್ತು. ಕಂಪನಿಗೆ ಹಳೇ ಯಂತ್ರ ಹಳೇ ಲೆಕ್ಕ. ನೂರು ಗಂಟೆ ಆಡಿ ಉಳಿಸಿಕೊಂಡ ಸೇವ್ ಫೈಲ್ ಇರೋದು ಮಾತ್ರ ನಿಮ್ಮ ಕಾರ್ಡ್‌ನಲ್ಲಿ. ಕಾರ್ಡ್ ಕೆಟ್ಟರೆ ಅದೂ ಹೋಯ್ತು.

ಹಾಗಂತ ಇದು ಆಟಿಕೆಯಲ್ಲ. ಸಿಸ್ಟಮ್ ಫೋಲ್ಡರ್‌ನಲ್ಲಿ ತಪ್ಪು ಫೈಲ್ ಅಳಿಸಿದರೆ ಕನ್ಸೋಲ್ ಇಟ್ಟಿಗೆಯಾಗಬಹುದು. ಅದಕ್ಕೇ ಹೆನ್ಕಾಕು ಸೆಟ್ಟಿಂಗ್ಸ್‌ನಲ್ಲಿ 'ಅನ್‌ಸೇಫ್ ಹೋಮ್‌ಬ್ರೂ' ಆನ್ ಮಾಡದ ಹೊರತು ವೀಟಾಶೆಲ್‌ಗೂ ಪೂರ್ತಿ ಪ್ರವೇಶವಿಲ್ಲ. ಇನ್ನು ಕದ್ದ ಗೇಮ್ ಹಾಕೋಕೆ ಇದನ್ನ ಬಳಸೋರೂ ಇದ್ದಾರೆ. ಹಕ್ಕು ಉಲ್ಲಂಘನೆಯ ಉದ್ದೇಶದಿಂದ ತಾಂತ್ರಿಕ ಬೀಗ ಮುರಿಯೋದು ನಮ್ಮ ಕಾಪಿರೈಟ್ ಕಾಯ್ದೆಯ ಸೆಕ್ಷನ್ 65ಎ ಪ್ರಕಾರ ಅಪರಾಧ, ನೆನಪಿರಲಿ. ಸ್ವಂತ ಸೇವ್ ಕಾಪಾಡಿಕೊಳ್ಳೋದೇ ಬೇರೆ, ಇನ್ನೊಬ್ಬರ ದುಡಿಮೆ ಲಪಟಾಯಿಸೋದೇ ಬೇರೆ.

ಮನೇಲಿ ಹಳೇ ಕನ್ಸೋಲ್ ಇದ್ದರೆ ಈ ವಾರಾಂತ್ಯ ಚಾರ್ಜ್ ಹಾಕಿ ನೋಡಿ. ಹ್ಯಾಕ್ ಮಾಡ್ತೀರೋ ಬಿಡ್ತೀರೋ ಆಮೇಲಿನ ಮಾತು. ಕಂಪನಿಯ ದಾರಿಯಲ್ಲೇ ಆಗಲಿ, ಮೊದಲು ಒಂದು ಬ್ಯಾಕಪ್ ತೆಗೆದಿಡಿ.