ಕಿರುತೆರೆಯ ಋಣ

ಧಾರಾವಾಹಿಗೆ ಬರೆಯುವುದು ಹೊಟ್ಟೆಪಾಡು, ಸಿನಿಮಾಕ್ಕೆ ಬರೆಯುವುದು ಕಲೆ ಎಂಬ ಮಾತು ಚಾಲ್ತಿಯಲ್ಲಿದೆ. ಅಮೆರಿಕದ ಚಿತ್ರಕಥೆಗಾರ ಪ್ಯಾಡಿ ಚಾಯೆಫ್‌ಸ್ಕಿಯ ಮುಂದೆ ಈ ಮೇಲುಕೀಳು ನಿಲ್ಲುವುದಿಲ್ಲ.

1953ರಲ್ಲಿ ಎನ್‌ಬಿಸಿ ವಾಹಿನಿ ಆತನ ‘ಮಾರ್ಟಿ’ ನಾಟಕವನ್ನು ನೇರ ಪ್ರಸಾರ ಮಾಡಿತು. ನಾಯಕ ಮಾರ್ಟಿಗೆ ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ ಮಾಂಸದಂಗಡಿಯ ಕೆಲಸ. ಮದುವೆಯ ವಯಸ್ಸು ದಾಟುತ್ತಿದೆ, ರೂಪವಿಲ್ಲ. ಅಂಥವನಿಗೆ ಒಂದು ರಾತ್ರಿ, ತನ್ನಂತೆಯೇ ಯಾರಿಗೂ ಬೇಡವಾದ ಶಿಕ್ಷಕಿಯೊಬ್ಬಳ ಪರಿಚಯವಾಗುತ್ತದೆ. ಕತೆ ಇಷ್ಟೇ. ನೇರ ಪ್ರಸಾರದಲ್ಲಿ ರೀಟೇಕ್ ಎಂಬುದಿಲ್ಲ, ಹೊರಾಂಗಣವಿಲ್ಲ, ಪರದೆಯೋ ಪುಟ್ಟದು. ಯುದ್ಧ, ಕುದುರೆಯೋಟ ಅದರಲ್ಲಿ ಹಿಡಿಸುವುದಿಲ್ಲ. ಹಿಡಿಸುವುದು ಮುಖ ಮತ್ತು ಮಾತು. ಹಾಗಾಗಿ ತಾಯಿ ಮಗ ಊಟದ ಮೇಜಿನಲ್ಲಿ ಆಡುವ ಮಾತೇ ಅಲ್ಲಿ ಘಟನೆ, ಭಾರವೆಲ್ಲ ಬರೆಯುವವನ ಮೇಲೆ. ಪ್ರತಿಭೆ ಆತನದೇ ಇರಬಹುದು, ಅದಕ್ಕೆ ಆಕಾರ ಕೊಟ್ಟದ್ದು ಮಾತ್ರ ಈ ಬಡತನ. 1955ರಲ್ಲಿ ಟಿವಿ ನಾಟಕದ ನಿರ್ದೇಶಕ ಡೆಲ್ಬರ್ಟ್ ಮ್ಯಾನ್ ಅದನ್ನೇ ಸಿನಿಮಾ ಮಾಡಿದಾಗ ಕತೆ ಹಿಗ್ಗಿತು, ಆದರೆ ಬ್ರಾಂಕ್ಸ್‌ನ ಓಣಿ ದಾಟಲಿಲ್ಲ. ಶ್ರೇಷ್ಠ ಚಿತ್ರ, ಚಿತ್ರಕಥೆ ಸೇರಿ ನಾಲ್ಕು ಆಸ್ಕರ್ ಬಂದವು.

ಈ ಋಣವನ್ನು ಆತ ತೀರಿಸಿದ ಬಗೆ ವಿಚಿತ್ರವಾದದ್ದು. 1976ರ ‘ನೆಟ್‌ವರ್ಕ್’ ಟಿವಿಯನ್ನೇ ಕಟಕಟೆಗೆ ತಂದು ನಿಲ್ಲಿಸಿತು. ಕೆಲಸ ಕಳೆದುಕೊಳ್ಳಲಿರುವ ವಾರ್ತಾವಾಚಕ ಪ್ರಸಾರದ ನಡುವೆಯೇ ಸಾಯುವೆನೆಂದು ಘೋಷಿಸುತ್ತಾನೆ. ಅವನ ಹುಚ್ಚುಕೋಪಕ್ಕೆ ರೇಟಿಂಗ್ ಇದೆಯೆಂದು ಗೊತ್ತಾದ ವಾಹಿನಿ ಅದನ್ನೇ ಮಾರಾಟಕ್ಕಿಡುತ್ತದೆ. ಉಂಡ ಮನೆಗೆ ಎರಡು ಬಗೆದ ಎನ್ನುವವರಿದ್ದರೆ ನಾನು ಒಪ್ಪುವುದಿಲ್ಲ. ಆ ಮನೆಯಲ್ಲಿ ಉಂಡಿದ್ದರಿಂದಲೇ ಒಳಗುಟ್ಟು ಗೊತ್ತಿತ್ತು. ನಿರ್ದೇಶಕ ಸಿಡ್ನಿ ಲುಮೆಟ್ ಕೂಡ ಟಿವಿಯಲ್ಲೇ ಪಳಗಿದವನು. ಚಿತ್ರದಲ್ಲಿ ಕುಂದಿಲ್ಲವೆಂದಲ್ಲ. ಪಾತ್ರಗಳು ಸಂಭಾಷಣೆ ಬಿಟ್ಟು ಭಾಷಣಕ್ಕೆ ನಿಲ್ಲುತ್ತವೆ, ಎಲ್ಲರ ಬಾಯಲ್ಲೂ ಬರೆದವನ ದನಿ. ಮಾತನ್ನೇ ನಂಬಿ ಬೆಳೆದವನ ಚಾಳಿ ಅದು.

ಇನ್ನು ಸಿನಿಮಾ ಹೆಚ್ಚು ಕೊಡುತ್ತದೆ ಎಂಬ ವಾದ. ಹಣ, ಕಾಲಾವಕಾಶ, ಹೆಸರು ಕೊಡುತ್ತದೆ, ನಿಜ. ಬರೆದದ್ದರ ಮೇಲಿನ ಹಕ್ಕನ್ನು ಅಷ್ಟು ಸುಲಭವಾಗಿ ಕೊಡುವುದಿಲ್ಲ. ‘ಮಾರ್ಟಿ’, ‘ದಿ ಹಾಸ್ಪಿಟಲ್’, ‘ನೆಟ್‌ವರ್ಕ್’ ಮೂರಕ್ಕೂ ಒಬ್ಬನೇ ಬರೆದು ಆಸ್ಕರ್ ಗೆದ್ದ ಚಾಯೆಫ್‌ಸ್ಕಿಗೂ 1980ರ ‘ಆಲ್ಟರ್ಡ್ ಸ್ಟೇಟ್ಸ್’ನಲ್ಲಿ ನಿರ್ದೇಶಕ ಕೆನ್ ರಸೆಲ್ ಜತೆ ಜಗಳವಾದಾಗ ಉಳಿದ ದಾರಿ ಒಂದೇ: ಆ ಚಿತ್ರದಿಂದ ತನ್ನ ಹೆಸರು ತೆಗೆಸಿದ. ಪರದೆಯ ಮೇಲೆ ಚಿತ್ರಕಥೆಗಾರನೆಂದು ಬಂದದ್ದು ‘ಸಿಡ್ನಿ ಆರನ್’, ಹುಟ್ಟಿದಾಗ ಅಪ್ಪ ಅಮ್ಮ ಇಟ್ಟ ಹೆಸರು.