ತಪಾಸಕರು ಇರಾನಿಗೆ ಮರಳಲಿ
2015ರ ಜುಲೈನಲ್ಲಿ ವಿಯೆನ್ನಾದಲ್ಲಿ ಏರ್ಪಟ್ಟ ಒಪ್ಪಂದ ಇರಾನಿನ ಯುರೇನಿಯಂ ಸಂವರ್ಧನೆಗೆ ಶೇ 3.67ರ ಮಿತಿ ಹಾಕಿತ್ತು. ದಾಸ್ತಾನು 300 ಕಿಲೋ ಮೀರುವಂತಿರಲಿಲ್ಲ. ಅದಕ್ಕಿಂತ ಮುಖ್ಯವಾಗಿ, ನತಾಂಜ್ ಮತ್ತು ಫೋರ್ಡೊ ಘಟಕಗಳೊಳಗೆ ಅಂತರರಾಷ್ಟ್ರೀಯ ಅಣುಶಕ್ತಿ ಸಂಸ್ಥೆಯ ತಪಾಸಕರಿಗೆ ನಿತ್ಯ ಪ್ರವೇಶವಿತ್ತು. ಇರಾನ್ ಷರತ್ತು ಪಾಲಿಸುತ್ತಿದೆ ಎಂದು ಸಂಸ್ಥೆ ಮತ್ತೆ ಮತ್ತೆ ವರದಿ ಕೊಡುತ್ತಿರುವಾಗಲೇ, 2018ರ ಮೇ ತಿಂಗಳಲ್ಲಿ ಡೊನಾಲ್ಡ್ ಟ್ರಂಪ್ ಅಮೆರಿಕವನ್ನು ಒಪ್ಪಂದದಿಂದ ಹೊರತಂದರು. ಬಿಕ್ಕಟ್ಟಿನ ಬೇರು ಅಲ್ಲಿದೆ.

ಹಾಗೆಂದು ಟೆಹರಾನ್ ನಿರಪರಾಧಿಯೇನಲ್ಲ. 2021ರಲ್ಲಿ ಅದು ಶೇ 60ರ ಮಟ್ಟದ ಸಂವರ್ಧನೆ ಆರಂಭಿಸಿತು. ವಿದ್ಯುತ್ ಸ್ಥಾವರಕ್ಕೆ ಅಷ್ಟು ಬೇಕಿಲ್ಲ. ಬಾಂಬಿಗೆ ಬೇಕಾಗುವ ಶೇ 90 ಅಲ್ಲಿಂದ ದೂರವೂ ಇಲ್ಲ. ಮರುವರ್ಷ ತಪಾಸಣಾ ಕ್ಯಾಮೆರಾಗಳನ್ನೂ ತೆಗೆಸಿತು. ಆದರೆ 2025ರ ಜೂನ್‌ನಲ್ಲಿ, ಅಮೆರಿಕದ ಜತೆ ಮಾತುಕತೆ ಇನ್ನೂ ಜಾರಿಯಲ್ಲಿದ್ದಾಗ, ಮೊದಲು ಇಸ್ರೇಲ್, ಬಳಿಕ ಅಮೆರಿಕ ನಡೆಸಿದ ದಾಳಿ ಸಾಧಿಸಿದ್ದೇನು? ಘಟಕಗಳು ಜಖಂಗೊಂಡವು, ಜನ ಸತ್ತರು. 400 ಕಿಲೋಗೂ ಹೆಚ್ಚಿನ ಶೇ 60ರ ಯುರೇನಿಯಂ ತಪಾಸಕರ ಕಣ್ಣಿಗೆ ಬೀಳದಂತಾಯಿತು. ಸಂಸ್ಥೆಯ ಜತೆಗಿನ ಸಹಕಾರವನ್ನೇ ಇರಾನ್ ಅಮಾನತಿನಲ್ಲಿಟ್ಟಿತು. ಸೆಪ್ಟೆಂಬರ್‌ನಲ್ಲಿ ವಿಶ್ವಸಂಸ್ಥೆಯ ಹಳೆಯ ನಿರ್ಬಂಧಗಳೂ ಮರಳಿದವು.

ಈ ಜಗಳದ ಬಿಸಿ ನಮ್ಮ ಕರಾವಳಿಗೂ ತಟ್ಟಿದೆ: ಇರಾನಿನ ಕಚ್ಚಾತೈಲವನ್ನು ನೆಚ್ಚಿದ್ದ ಮಂಗಳೂರಿನ ತೈಲ ಸಂಸ್ಕರಣಾಗಾರ ಎಂಆರ್‌ಪಿಎಲ್ ಅಮೆರಿಕದ ನಿರ್ಬಂಧಗಳಿಂದಾಗಿ 2019ರಲ್ಲಿ ಬೇರೆ ದೇಶಗಳತ್ತ ಮುಖ ಮಾಡಬೇಕಾಯಿತು.

ದಾಸ್ತಾನಿನ ಲೆಕ್ಕ ಸಿಗಬೇಕಾದರೆ ತಪಾಸಕರಿಗೆ ಇರಾನ್ ಬಾಗಿಲು ತೆರೆಯಲೇಬೇಕು. ಪ್ರತಿಯಾಗಿ ನಿರ್ಬಂಧಗಳು ಹಂತಹಂತವಾಗಿ ಸಡಿಲವಾಗಬೇಕು. ಮಾತುಕತೆಯ ನಡುವೆ ದಾಳಿ ನಡೆಯದು ಎಂಬ ಭರವಸೆಯನ್ನು ವಾಷಿಂಗ್ಟನ್ ಲಿಖಿತವಾಗಿ ಕೊಡಬೇಕು.